ಮೇಲಿನ ಚಿಲಕ

ಟಿಕೆಟ್ ಕೇಳಿದವನನ್ನು ಸರಿಸಿಕೊಂಡೇ ತಂಗಿ ಪ್ರದರ್ಶನದ ಹಾಲಿಗೆ ನುಗ್ಗಿದಳು. ಕೊರಳಲ್ಲಿ ಅಳತೆ ಟೇಪು ಇನ್ನೂ ನೇತಾಡುತ್ತಿತ್ತು. ಶಾಲೆಯ ಯೂನಿಫಾರ್ಮ್ ಹೊಲಿಯುತ್ತಿದ್ದವಳು ಪೇಪರಿನಲ್ಲಿ ಅಕ್ಕನ ಪ್ರದರ್ಶನದ ಫೋಟೊ ಕಂಡದ್ದೇ ಮಿಷನ್ ಬಿಟ್ಟು ಎದ್ದು ಬಂದಿದ್ದಳು.

ಹಾಲಿನ ನಡುವೆ ಅದೇ ಬಾಗಿಲು. ಹಳೆಯ ಮನೆಯ ಸಾಮಾನು ಕೋಣೆಯದು. ಹಸಿರು ಬಣ್ಣ, ತಲೆಗಿಂತ ಎತ್ತರದಲ್ಲಿ ತುಕ್ಕು ಹಿಡಿದ ಚಿಲಕ, ಕೆಳಗೊಂದು ಮೋಟು ಸ್ಟೂಲು. ಹಿಂದಿನಿಂದ ಮಗುವೊಂದು ಬಾಗಿಲು ಬಡಿಯುವ ಸದ್ದು. ಗೋಡೆಯ ಮೇಲೆ ಅಕ್ಕನ ಚಿತ್ರಗಳು, ಕಸೂತಿ, ಒಂದು ಫಲಕ: 'ಎಲ್ಲವೂ ನನ್ನ ಅನುಭವ.'

ತಂಗಿಯ ಮೈ ಉರಿದುಹೋಯಿತು. ಆರು ವರ್ಷದವಳಾಗಿ, ಒಂದು ಬೇಸಿಗೆಯಿಡೀ, ಆ ಕತ್ತಲಲ್ಲಿ ಗಂಟಲು ಹರಿಯುವಂತೆ ಕೂಗಿದವಳು ತಾನು. ಅಕ್ಕನಿಗಾಗ ಒಂಬತ್ತು. ಅಮ್ಮ ಕೆಲಸಕ್ಕೆ ಹೋಗಿರುತ್ತಿದ್ದಳು. ರಾತ್ರಿ ಪಾಳಿ ಮುಗಿಸಿ ಬಂದ ಅಪ್ಪ ಹಗಲು ಮಲಗುತ್ತಿದ್ದರು. ಬಾಗಿಲು ತೆರೆದಾಗಲೆಲ್ಲ ಎದುರಿಗೆ ನಿಂತಿರುತ್ತಿದ್ದವರು ಅವರೇ, ಏಣಿಯಂಥ ಮನುಷ್ಯ, ಚೌಕಟ್ಟಿಗೆ ತಲೆ ತಗ್ಗಿಸಿಕೊಂಡು.

"ಚಿಲಕ ನಾನು ಹಾಕಿಲ್ಲ ಕಣಮ್ಮ," ಎಂದು ಕೊನೆಯವರೆಗೂ ಹೇಳಿದರು. ಅವಳು ನಂಬಲಿಲ್ಲ. ಅವರು ಸತ್ತಾಗ ಮುಖ ನೋಡಲೂ ಹೋಗಲಿಲ್ಲ.

"ಬಂದ್ಯಾ," ಎಂದಳು ಅಕ್ಕ. "ಮೂರು ಕಾಗದ ಬರೆದಿದ್ದೆ."

"ಒಡೆದೂ ನೋಡದೆ ಹರಿದು ಬಿಸಾಕ್ದೆ. ನಾಚಿಕೆ ಆಗಲ್ವಾ ಕುಳ್ಳಿ? ನನ್ನ ಅಳು ತೋರಿಸಿ ಚಪ್ಪಾಳೆ ಹೊಡೆಸ್ಕೋತಿದೀಯ. ಒಂದಿನ ಆದ್ರೂ ಆ ಕೋಣೇಲಿ ಕೂತಿದ್ಯಾ?"

"ಇಲ್ಲ."

"ಮತ್ತೆ ಇದ್ಯಾವ ಸೀಮೆ ಅನುಭವ?"

"ನಿನ್ನದನ್ನ ಮುಟ್ಟಿಲ್ಲ ಕಣೇ. ಬಾಗಿಲಿನ ಈಚೆ ಇದ್ದದ್ದನ್ನ ಮಾತ್ರ ಇಟ್ಟಿದೀನಿ."

"ಈಚೆ ನಿಂತು ಕೇಳಿಸ್ಕೊಂಡೆ, ಈಗ ಅದನ್ನೇ ಕಲೆ ಅಂತೀಯ. ಜೊತೆಗೊಂದು ಸುಳ್ಳು ಸ್ಟೂಲು. ಬಾಗಿಲ ಹತ್ರ ಇದು ಯಾವತ್ತಿತ್ತು?"

"ಇರ್ತಿತ್ತು. ನಿನಗೆ ಕಾಣ್ತಿರಲಿಲ್ಲ."

ಸುತ್ತಲಿದ್ದವರು ಇತ್ತಲೇ ನೋಡಿದರು. ಅಕ್ಕ ತಲೆ ಎತ್ತಲಿಲ್ಲ.

"ಬಾಯಿ ಸುಳ್ಳು ಹೇಳುತ್ತೆ, ಟೇಪು ಹೇಳಲ್ಲ," ಎಂದು ತಂಗಿ ಕೊರಳಿನ ಟೇಪು ಎಳೆದಳು. ಒಂದು ತುದಿಯನ್ನು ಸ್ಟೂಲಿನ ಮೇಲೆ ಒತ್ತಿ ಹಿಡಿದು, ಇನ್ನೊಂದನ್ನು ಚಿಲಕದವರೆಗೆ ಚಾಚಿದಳು. ಸರಿಯಾಗಿ ಅರವತ್ತು ಇಂಚು.

ಇಪ್ಪತ್ತು ವರ್ಷ ಶಾಲೆ ಮಕ್ಕಳ ಅಳತೆ ತೆಗೆದ ಕೈ ಅಲ್ಲೇ ನಿಂತಿತು. ಒಂಬತ್ತು ವರ್ಷದ ಕುಳ್ಳ ಹುಡುಗಿ ತುದಿಗಾಲಲ್ಲಿ ನಿಂತು ಕೈ ಎತ್ತಿದರೆ ಮುಟ್ಟುವುದು ಅಷ್ಟೇ ಎತ್ತರ.

ಅಪ್ಪನಿಗೆ ಸ್ಟೂಲು ಬೇಕಿರಲಿಲ್ಲ.