ಎರಡು ಪಾಳಿ, ಒಂದು ಪಾತ್ರೆ

ಬಾಗಿಲು ತೆರೆದವನಿಗೆ ಮೊದಲು ಎದುರಾದದ್ದು ಶುಂಠಿ, ಬೆಳ್ಳುಳ್ಳಿ, ಸಕ್ಕರೆ ಮೂರೂ ಮಾಂಸದ ಜೊತೆ ಬೆಂದ ಘಮ. ಆಮೇಲೆ ಮೇಜಿನ ಮೇಲಿನ ಚೀಟಿ. ‘ಇಸ್ತ್ರಿ ಮಾಡೋ ಒಬ್ಬಳಿಗೆ ಜ್ವರ ಅಂತೆ. ಈಗ್ಲೇ ಬಾ ಅಂತ ಫೋನ್ ಬಂತು. ಹೊರಟೆ. ನೀವು ಊಟ ಮಾಡಿ.’ ಪಕ್ಕದಲ್ಲಿ ಎರಡು ತಟ್ಟೆ ಇಟ್ಟಿದ್ದಳು ಹೆಂಡತಿ. ಹೋಗುವ ಮುನ್ನ ಒಂದನ್ನು ಬೋರಲು ಹಾಕಿದ್ದಳು.

ಅವನು ಸ್ಟೂಲಿಗೆ ಒದ್ದ. ಸ್ಟೂಲಿಗೇನೂ ಆಗಲಿಲ್ಲ, ಹೆಬ್ಬೆರಳು ಊದಿತು. ಬಾಟಲಿ ಕಾರ್ಖಾನೆಯಲ್ಲಿ ಅವನನ್ನು ‘ಒಗ್ಗರಣೆ’ ಎಂದೇ ಕರೆಯುತ್ತಿದ್ದರು. ಏನು ಬಿದ್ದರೂ ಚಟಪಟ. ಆದರೆ ಇವತ್ತಿನ ಸಿಟ್ಟಿಗೆ ಕಾರಣವಿತ್ತು. ಅವನ ಪಾಳಿ ಬೆಳಗಿನ ಐದರಿಂದ ಎರಡರವರೆಗೆ. ಅವಳದು ಆಸ್ಪತ್ರೆಯ ಲಾಂಡ್ರಿಯಲ್ಲಿ, ಮಧ್ಯಾಹ್ನ ಒಂದರಿಂದ ಹತ್ತರವರೆಗೆ. ಅವಳು ಬರುವಾಗ ಇವನಿಗೆ ನಿದ್ದೆ, ಇವನು ಹೊರಡುವಾಗ ಅವಳಿಗೆ. ರಜೆಗಳೂ ಒಂದೇ ದಿನ ಬಂದದ್ದಿಲ್ಲ. ಹನ್ನೊಂದು ತಿಂಗಳಿಂದ ಸಂಸಾರ ನಡೆಯುತ್ತಿರುವುದು ಚೀಟಿಗಳಲ್ಲಿ. ಗ್ಯಾಸ್ ಮುಗೀತು. ನಲ್ಲಿ ಸೋರ್ತಿದೆ. ನಿಮ್ಮಕ್ಕ ಫೋನ್ ಮಾಡಿದ್ರು. ಇವತ್ತು ಕುಲುಮೆ ರಿಪೇರಿಗೆಂದು ಕಾರ್ಖಾನೆಯವರು ಮೊದಲೇ ಹೇಳಿದ್ದಂತೆ ಹನ್ನೆರಡಕ್ಕೇ ಬಿಟ್ಟಿದ್ದರು. ಅವಳೂ ಮೇಲಿನವರ ಕೈಕಾಲು ಹಿಡಿದು, ಎರಡು ತಾಸು ತಡವಾಗಿ ಬರುತ್ತೇನೆಂದು ಒಪ್ಪಿಸಿದ್ದಳು. ಎದುರುಬದುರು ಕೂತು ಒಂದು ಊಟ. ಅಷ್ಟೇ ಆಸೆ.

ಅದಕ್ಕೆಂದೇ ಸ್ಲೋ ಕುಕ್ಕರಿನಲ್ಲಿ ಟೆರಿಯಾಕಿ ಬೀಫ್, ಸಿಹಿ-ಉಪ್ಪು ಸಾಸಿನಲ್ಲಿ ಬೇಯಿಸುವ ಜಪಾನಿ ಅಡುಗೆ. ಅವಳು ಆ ಕುಕ್ಕರನ್ನು ತಂದಾಗ, ಎಂಟು ಗಂಟೆ ಬೇಯಿಸೋಕೆ ಅದೇನು ಕಲ್ಲೇ ಎಂದು ಚೀಟಿಯಲ್ಲೇ ರೇಗಿದ್ದ. ಮಾಂಸ ಮೆತ್ತಗಾಗೋಕೆ ಎಂಟು ಸಾಕು, ನಿಮಗೆ ಇನ್ನೂ ಜಾಸ್ತಿ ಬೇಕು ಎಂದು ಅವಳು ಅದರ ಕೆಳಗೇ ಬರೆದಿಟ್ಟಿದ್ದಳು. ಕುಕ್ಕರಿನ ಜೊತೆ ಬಂದ ಪುಸ್ತಕದಲ್ಲಿ, ಮಿರಮಿರ ಮಿಂಚುವ ಮಾಂಸದ ಮೇಲೆ ಎಳ್ಳು ಉದುರಿಸಿದ ಚಿತ್ರ ಇಬ್ಬರಿಗೂ ಹಿಡಿಸಿತ್ತು, ಬೇರೆಬೇರೆ ಹೊತ್ತಿನಲ್ಲಿ. ನಸುಕಿನ ನಾಲ್ಕೂವರೆಗೆ ಅವನು ಸೋಯಾ ಸಾಸು, ಸಕ್ಕರೆ, ವಿನೆಗರ್, ಶುಂಠಿ, ಬೆಳ್ಳುಳ್ಳಿ ಕಲಸಿ ಒಂದು ಲೋಟ ಸುರಿದು, ಅದರ ಮೇಲೆ ಮಾಂಸದ ತುಂಡು ಪೇರಿಸಿ, ಸ್ವಿಚ್ ಒತ್ತಿ ಕೆಲಸಕ್ಕೆ ಓಡಿದ್ದ. ಮೊದಲು ಮಾಂಸ, ಆಮೇಲೆ ಸಾಸು ಎಂದಿತ್ತು ಪುಸ್ತಕದಲ್ಲಿ. ಅಷ್ಟು ಓದುವ ತಾಳ್ಮೆ ಅವನಿಗೆಲ್ಲಿಂದ ಬರಬೇಕು?

ಗಡಿಯಾರ ನೋಡಿದ. ಹನ್ನೆರಡೂವರೆ, ಸರಿಯಾಗಿ ಎಂಟು ಗಂಟೆ. ಆ ಬೋರಲು ತಟ್ಟೆಯ ಎದುರು ಒಬ್ಬನೇ ಕೂತು ಉಣ್ಣಲು ಮನಸ್ಸಾಗಲಿಲ್ಲ. ಕುಕ್ಕರಿನ ಒಳಗಿನ ಪಿಂಗಾಣಿ ಪಾತ್ರೆಯನ್ನು ಎತ್ತಿ, ಮುಚ್ಚಳದ ಮೇಲಿಂದ ಟವೆಲು ಬಿಗಿದು ಬಸ್ಸು ಹತ್ತಿದ. ತೊಡೆ ಸುಡುತ್ತಿತ್ತು. ಪಕ್ಕದವನು ಮೂಗರಳಿಸಿ, ಯಾರ ಮನೆ ಔತಣ ಎಂದು ಕೇಳಿದ. ನಮ್ಮನೇದೇ ಎಂದು ಇವನು ಗುರುಗುಟ್ಟಿದ.

ಆಸ್ಪತ್ರೆಯ ಹಿಂದಿನ ಗೇಟಿನಲ್ಲಿ ಕಾವಲಿನವನು ಅಡ್ಡ ನಿಂತ.

“ಊಟ ಯಾರಿಗೆ ಯಜಮಾನ್ರೇ?”

“ಹೆಂಡ್ತಿಗೆ.”

“ಯಾವ ವಾರ್ಡು? ಹೆರಿಗೇನಾ?”

“ಇಸ್ತ್ರಿ.”

ಕಾವಲಿನವನು ಕಿಸಕ್ಕನೆ ನಕ್ಕ. ಬೇರೆ ದಿನವಾಗಿದ್ದರೆ ಆ ನಗುವಿಗೆ ಗೇಟೇ ಕಿತ್ತುಬರುತ್ತಿತ್ತು. ಇವತ್ತು ಒಗ್ಗರಣೆ ಸಿಡಿಯಲಿಲ್ಲ. ಸ್ವಲ್ಪ ಕರೀರಿ, ಆರಿಹೋಗುತ್ತೆ ಎಂದು ಬೇಡಿಕೊಂಡ. ಅವಳು ಬಂದಳು. ಹಬೆಗೆ ಕೈಯೆಲ್ಲ ಕೆಂಪಾಗಿತ್ತು. ಹತ್ತು ನಿಮಿಷ ಬಿಟ್ಟಿದ್ದಾರೆ ಎನ್ನುತ್ತಲೇ ಕೊಳೆ ಹಾಸಿಗೆಬಟ್ಟೆಯ ಗಾಡಿಗಳಿಂದ ದೂರ, ಬಿಸಿಲು ಬಿದ್ದ ಮೆಟ್ಟಿಲ ಮೇಲೆ ಜಾಗ ಮಾಡಿದಳು. ಅವನು ಚಮಚ ತರುವುದನ್ನು ಮರೆತಿದ್ದ. ಬೆರಳಲ್ಲಿ ಮುಟ್ಟಿದರೆ ಸಾಕು, ಮಾಂಸ ಎಳೆಎಳೆಯಾಗಿ ಬಿಡಿಸಿಕೊಂಡು ಬರುತ್ತಿತ್ತು. ಅವಳು ಒಂದು ತುಂಡು ಬಾಯಿಗಿಟ್ಟಳು. ಅಗಿದಳು. ನೀರಿನ ಬಾಟಲಿಗೆ ಕೈ ಹಾಕಿದಳು. ಅವನೂ ಒಂದು ತಿಂದ. ಬರೀ ಉಪ್ಪು.

“ಸಾಸು ಎಷ್ಟು ಹಾಕಿದ್ರಿ?”

“ಒಂದು ಲೋಟ. ಪುಸ್ತಕದಲ್ಲಿ ಇದ್ದಷ್ಟೇ.”

“ನಾನು ಎದ್ದು ಮುಚ್ಚಳ ತೆಗೆದ್ರೆ ಮಾಂಸಕ್ಕೆ ಬಣ್ಣಾನೇ ಇಲ್ಲ. ಮರೆತು ಓಡಿದೀರ ಅಂದ್ಕೊಂಡು ನಾನೂ ಒಂದು ಲೋಟ ಸುರಿದೆ.”

“ತಳದಲ್ಲಿತ್ತು ಕಣೇ.”

“ಚೀಟಿ ಬರೆದಿಡ್ಬೇಕಿತ್ತು.”

ಚೆಲ್ಲಿ ಬರುತ್ತೇನೆಂದು ಅವನು ಎದ್ದ. ಅವಳು ಪಾತ್ರೆಯನ್ನು ತನ್ನ ಕಡೆ ಎಳೆದುಕೊಂಡು ಇನ್ನೊಂದು ತುಂಡು ಬಾಯಿಗೆ ಹಾಕಿಕೊಂಡಳು, ಬಾಟಲಿಯಿಂದ ನೀರು ಕುಡಿದಳು, ಮತ್ತೊಂದು ಹಾಕಿಕೊಂಡಳು. ಅವನು ಕೂತ. ಒಂದು ತುತ್ತಿಗೆ ಒಂದು ಗುಟುಕು ಎನ್ನುವ ಲೆಕ್ಕದಲ್ಲಿ, ಬಾಟಲಿಯನ್ನು ಆ ಕಡೆ ಈ ಕಡೆ ದಾಟಿಸುತ್ತ, ಅರ್ಧ ಪಾತ್ರೆ ಖಾಲಿ ಮಾಡಿದರು.

ಒಳಗೆ ಗಂಟೆ ಹೊಡೆಯಿತು. ಅವಳು ಏಳಲಿಲ್ಲ. ಬಿಸಿಲಿನಲ್ಲಿ ಅವನ ಮುಖವನ್ನೇ ನೋಡುತ್ತಿದ್ದವಳು, ಅಂಟುಬೆರಳಿಂದಲೇ ಅವನ ಕಿವಿಯ ಮೇಲಿನ ಕೂದಲು ಮುಟ್ಟಿದಳು.

“ರೀ, ಇಲ್ಲೆಲ್ಲ ಬೆಳ್ಳಗಾಗಿದೆಯಲ್ಲ. ಯಾವಾಗ ಆಯ್ತು?”

“ನೀನು ಮಲಗಿದ್ದಾಗ,” ಎಂದ.