ಕೆಡವಿದ ಓಣಿಯೊಳಗೆ

ಬಟಾಬಯಲಿನ ನಡುವೆ ದರ್ಜಿ ತಾತ ತಲೆ ತಗ್ಗಿಸಿದ. ತಗ್ಗಿಸುವುದಕ್ಕೆ ಅಲ್ಲಿ ಏನೂ ಇರಲಿಲ್ಲ; ಓಣಿಯನ್ನು ಕೆಡವಿ ನೆಲಸಮ ಮಾಡಿ ವರ್ಷಗಳೇ ಆಗಿದ್ದವು. ಆದರೂ ತನ್ನ ಅಂಗಡಿಯ ಗಿಡ್ಡ ಬಾಗಿಲು ಇದ್ದ ಜಾಗ ಬಂದದ್ದೇ ಅವನ ಕತ್ತು ತಾನಾಗಿ ಬಾಗಿತ್ತು. ಕ್ಯಾಮೆರಾದ ಹಿಂದೆ ನಿಂತ ನಿರ್ದೇಶಕಿ ಅದನ್ನು ಸೆರೆಹಿಡಿದಳು. ಕಥೆಯಿಲ್ಲದ, ನಟರಿಲ್ಲದ ಅವಳ ಸಿನಿಮಾ ಇಷ್ಟೇ: ದಿಕ್ಕಾಪಾಲಾದ ಓಣಿಯವರು ಮತ್ತೆ ಬಂದು, ಇಲ್ಲದ ಮನೆಗಳಲ್ಲಿ ಓಡಾಡಬೇಕು.

"ಏಯ್, ಅದು ನಮ್ಮನೆ ಗೋಡೆ ಕಣೋ! ಸುತ್ತು ಹಾಕ್ಕೊಂಡು ಬಾ," ಎಂದು ಬೇಕರಿ ಅತ್ತೆ, ಮೈಕು ಹಿಡಿದು ನೇರ ನುಗ್ಗಿದವನನ್ನು ಗದರಿದಳು. ಹೊರಗಿನವನಾದರೂ ಅವನು ತೆಪ್ಪಗೆ ಸುತ್ತು ಹಾಕಿದ.

ತಾತ ನಿರ್ದೇಶಕಿಯ ಕಡೆ ತಿರುಗಿದ. "ನೀನ್ಯಾಕಮ್ಮ ಬೀದೀಲೇ ನಿಂತಿದೀಯಾ? ಮನೆಗೆ ಹೋಗು."

"ನಂಗೇನೂ ನೆನಪಿಲ್ಲ ತಾತ. ಓಣಿ ಬಿಟ್ಟಾಗ ಇಷ್ಟಿದ್ದೆ." ಅವಳು ಮೊಣಕಾಲಿನ ಹತ್ತಿರ ಕೈ ತೋರಿಸಿ ನಕ್ಕಳು. ಎಲ್ಲರ ನೆನಪನ್ನೂ ಕೂಡಿಡುತ್ತಿದ್ದವಳಿಗೆ ತನ್ನದೆಂಬ ಒಂದೂ ಇಲ್ಲವೆಂಬ ಹೊಟ್ಟೆಯುರಿ ಆ ನಗುವಿನ ಒಳಗಿತ್ತು.

"ನೆನಪು ಹಾಳಾಗ್ಲಿ. ಕಾಲು ಕರ್ಕೊಂಡು ಹೋದ ಕಡೆ ಹೋಗು."

ಕ್ಯಾಮೆರಾವನ್ನು ಅದರ ಪಾಡಿಗೆ ಬಿಟ್ಟು ಅವಳು ಹೊರಟಳು. ದರ್ಜಿ ಅಂಗಡಿ ದಾಟಿ, ಬೇಕರಿ ದಾಟಿ, ಯಾಕೋ ಎಡಕ್ಕೆ ಹೊರಳಿದಳು.

"ನಿಲ್ಲು! ಹಾಗೇ ನಿಲ್ಲು!" ಎಂದು ಅತ್ತೆ ಕೂಗಿದಳು.

ಅವಳು ಗಕ್ಕನೆ ನಿಂತಳು. "ತಪ್ಪು ಬಂದ್ನಾ ಅತ್ತೆ?"

"ಇಲ್ಲ ಮಗಳೇ." ಅತ್ತೆಯ ದನಿ ಒದ್ದೆಯಾಗಿತ್ತು. "ನಿಮ್ಮನೆ ಹೊಸ್ತಿಲು ಎತ್ತರ ಇತ್ತು. ಎಷ್ಟು ಸಲ ಎಡವಿ ಬಿದ್ದಿದೀಯೋ ಅಲ್ಲಿ."

ಅವಳು ಕೆಳಗೆ ನೋಡಿದಳು. ಅವಳ ಬಲಗಾಲು ಮೊಣಕಾಲೆತ್ತರಕ್ಕೆ ಎದ್ದು ಗಾಳಿಯಲ್ಲಿ ನಿಂತಿತ್ತು.