ಬ್ಯಾಂಕಿನ ಕಡೆ

ನೂರಿಪ್ಪತ್ತನೇ ಟೈಲ್ಸಿನ ಮೂಲೆಗೆ ಕೆಂಪು ಪೇಂಟಿನ ಚುಕ್ಕಿ ಇಟ್ಟು, ಟೈಲ್ಸ್ ಮೇಸ್ತ್ರಿ ಮೀಸೆ ತಿರುವುತ್ತ ಎದ್ದು ನಿಂತ. ಇಪ್ಪತ್ತು ಲಕ್ಷದ ಮನೆಸಾಲಕ್ಕೆ ಇನ್ನೂರ ನಲವತ್ತು ತಿಂಗಳ ಕಂತು. ಆ ಮನೆಯ ನೆಲಕ್ಕೆ ಅವನೇ ಕೈಯಾರೆ ಕೂರಿಸಿದ ಟೈಲ್ಸೂ ಇನ್ನೂರ ನಲವತ್ತೇ. ಕಂತು ಕಟ್ಟಿದ ದಿನ ಒಂದೊಂದಕ್ಕೆ ಚುಕ್ಕಿ ಬೀಳುತ್ತಿತ್ತು. “ಅರ್ಧ ಮನೆ ನಂದಾಯ್ತು ಕಣೇ,” ಎಂದ ಹೆಂಡತಿಗೆ.

ಚುಕ್ಕಿಯಿಲ್ಲದ್ದು ಇನ್ನೂ ಬ್ಯಾಂಕಿನದು, ಅದು ಅವಳ ಪಾಲಿಗೆ. ಜಗಳವಾದಾಗಲೆಲ್ಲ “ಹೋಗು, ಬ್ಯಾಂಕಿನ ಕಡೆ ನಿಂತ್ಕೋ,” ಎಂದು ಅವನು ಬೆರಳು ತೋರಿಸುತ್ತಿದ್ದ. ಅವಳ ತಾಯಿ ಕಾಯಿಲೆ ಬಿದ್ದು ಬಂದಾಗಲೂ ಚಾಪೆ ಹಾಸಿಸಿದ್ದು ಅಲ್ಲೇ.

ಅವಳು ಬ್ಯಾಂಕಿನಿಂದ ತಂದಿದ್ದ ಕಾಗದ ಬಿಡಿಸಿದಳು. “ಇಲ್ಲೀವರೆಗೂ ಇಪ್ಪತ್ತೊಂದೂವರೆ ಲಕ್ಷ ಕಟ್ಟಿದೀರಿ. ಸಾಲ ಇನ್ನೂ ಹದಿನಾಲ್ಕು ಲಕ್ಷದ ಮೇಲಿದೆ.”

“ತಲೆ ಕೆಟ್ಟಿದ್ಯಾ ನಿಂಗೆ?”

“ಮೊದಲ ವರ್ಷಗಳ ಕಂತು ಹೆಚ್ಚಾಗಿ ಬಡ್ಡಿಗೇ ಹೋಗುತ್ತಂತೆ. ಕೇಳಿದ್ರೆ ಅವತ್ತೇ ಹೇಳ್ತಿದ್ರು, ನೀವು ಕೇಳ್ಲಿಲ್ಲ. ಲೆಕ್ಕ ಹಾಕ್ಸಿದೆ. ಅಸಲಲ್ಲಿ ತೀರಿರೋದು ಆರು ಲಕ್ಷಕ್ಕೂ ಕಮ್ಮಿ. ನಿಮ್ದಾಗಿರೋದು ಎಪ್ಪತ್ತು ಟೈಲ್ಸ್.”

ಅವನು ಕಾಗದ ಕಸಿದುಕೊಂಡು ಓದಿದ, ಮತ್ತೆ ಓದಿದ. ಅಷ್ಟರಲ್ಲಿ ಅವಳು ಅವನದೇ ಕೆಲಸದ ಚೀಲದಿಂದ ಥಿನ್ನರ್ ಬಾಟಲಿ ತೆಗೆದು, ಬಟ್ಟೆ ಒದ್ದೆ ಮಾಡಿ, ಎಪ್ಪತ್ತೊಂದನೇ ಚುಕ್ಕಿಯಿಂದ ಶುರು ಹಚ್ಚಿದಳು. ಆತುರವಿಲ್ಲದೆ ಒಂದೊಂದೇ ಒರೆಸುತ್ತ ಅವನ ಪಾದದ ಬುಡಕ್ಕೆ ಬಂದಳು.

“ಕಾಲೆತ್ತಿ.”

ಅವನು ಎತ್ತಿದ. ಎತ್ತಿದ ಕಾಲನ್ನು ಎಲ್ಲಿಡಬೇಕೋ ತಿಳಿಯಲಿಲ್ಲ. “ನಾನೆಲ್ಲಿ ನಿಂತ್ಕೊಳ್ಲಿ ಮತ್ತೆ?”

“ಬ್ಯಾಂಕಿನ ಕಡೆ,” ಎಂದಳು ಅವಳು, ಹಸಿ ಚುಕ್ಕಿ ಒರೆಸುತ್ತ. “ಹತ್ತು ವರ್ಷದಲ್ಲಿ ಅಭ್ಯಾಸ ಆಗುತ್ತೆ. ನಂಗೂ ಆಯ್ತಲ್ಲ.”